ಕೋರ್ಟ್ ಕೇಸು ಒಂದು ಕಡೆ, ಇಲಾಖಾ ವಿಚಾರಣೆ ಇನ್ನೊಂದು ಕಡೆ

ಪ್ರಶ್ನೆ: ನಮ್ಮ ಯಜಮಾನರು ತಾಲ್ಲೂಕು ಕಚೇರಿಯಲ್ಲಿ ಎಸ್‌ಡಿಎ (ದ್ವಿತೀಯ ದರ್ಜೆ ಸಹಾಯಕ). ಲೋಕಾಯುಕ್ತದ ಲಂಚದ ಟ್ರ್ಯಾಪ್‌ನಲ್ಲಿ ಸಿಕ್ಕಿ ಐದು ದಿನ ಜೈಲಿನಲ್ಲಿದ್ದು ಜಾಮೀನಿನ ಮೇಲೆ ಬಂದಿದ್ದಾರೆ. ಅಮಾನತಿನ ಆದೇಶ ಇನ್ನೂ ಕೈಸೇರಿಲ್ಲ. ಡ್ಯೂಟಿಗೆ ಹೋಗಬಹುದೇ? ಮನೆ ಖರ್ಚಿಗೆ ಏನು ದಾರಿ?
– ಓದುಗರೊಬ್ಬರು, ಮದ್ದೂರು

ಉತ್ತರ: ಹೋಗುವಂತಿಲ್ಲ. 48 ಗಂಟೆ ಮೀರಿ ಬಂಧನದಲ್ಲಿದ್ದ ನೌಕರ ಬಂಧನದ ದಿನದಿಂದಲೇ ಅಮಾನತಿನಲ್ಲಿದ್ದಾನೆ ಎಂದೇ 1957ರ ಸಿಸಿಎ (ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ) ನಿಯಮಗಳ 10ನೇ ನಿಯಮದ ಲೆಕ್ಕ. ಜಾಮೀನು ಸಿಕ್ಕರೂ ಅದು ತಾನಾಗಿ ತೆರವಾಗದು, ತೆರವಿಗೆ ಪ್ರತ್ಯೇಕ ಆದೇಶ ಬೇಕು. ಬಂಧನ, ಜಾಮೀನು ಎರಡನ್ನೂ ಕಚೇರಿ ಮುಖ್ಯಸ್ಥರಿಗೆ ಬರಹದಲ್ಲಿ ತಿಳಿಸಿ ಸ್ವೀಕೃತಿ ಪಡೆಯಿರಿ. ಮುಚ್ಚಿಟ್ಟರೆ ಅದೇ ಇನ್ನೊಂದು ಆರೋಪವಾಗುತ್ತದೆ. ಅನುಮತಿ ಇಲ್ಲದೆ ಕೇಂದ್ರಸ್ಥಾನ (ಕೆಲಸಕ್ಕೆ ಗೊತ್ತುಪಡಿಸಿದ ಊರು) ಬಿಡಬಾರದು.

ಜೀವನಾಧಾರ ಭತ್ಯೆ ಮೊದಲಿಗೆ ಅರ್ಧ ಸಂಬಳದ ಮಟ್ಟದಲ್ಲಿ ಬರುತ್ತದೆ. ‘ಬೇರೆಲ್ಲೂ ಉದ್ಯೋಗ, ವ್ಯಾಪಾರ ಮಾಡುತ್ತಿಲ್ಲ’ ಎಂಬ ದೃಢೀಕರಣವನ್ನು ಅವರು ಕೊಡುತ್ತಿರಬೇಕು. ಭತ್ಯೆ ನಿಂತುಹೋಗುವುದು ಬಹುಪಾಲು ಈ ಒಂದು ಹಾಳೆ ಕೊಡದೆ ಇದ್ದದ್ದಕ್ಕೆ. ವಿಳಂಬ ಅವರಿಂದ ಆಗದಿದ್ದರೆ ಭತ್ಯೆ ಹೆಚ್ಚಿಸುವಂತೆ ಕೇಳಲು ಅವಕಾಶವಿದೆ. ಮೂರು ತಿಂಗಳೊಳಗೆ ದೋಷಾರೋಪಣಾ ಪಟ್ಟಿ ಕೊಡದಿದ್ದರೆ ಅಮಾನತನ್ನು ಎಳೆದುಕೊಂಡು ಹೋಗಬಾರದು, ಪಟ್ಟಿ ಕೊಟ್ಟಿದ್ದರೆ ಮುಂದುವರಿಕೆಗೆ ಕಾರಣ ಸಹಿತ ಆದೇಶ ಬೇಕು ಎಂದು ಅಜಯ್ ಕುಮಾರ್ ಚೌಧರಿ ಪ್ರಕರಣದಲ್ಲಿ (2015) ಸುಪ್ರೀಂ ಕೋರ್ಟ್ ಹೇಳಿದೆ. ತೆರವಿನ ಮನವಿಯಲ್ಲಿ ಇದನ್ನು ಕಾಣಿಸಿ.

ಪ್ರಶ್ನೆ: ಕ್ರಿಮಿನಲ್ ಕೇಸು ನಡೆಯುತ್ತಿರುವಾಗಲೇ ಇಲಾಖಾ ವಿಚಾರಣೆಯ ನೋಟಿಸ್ ಬಂದಿದೆ. ಕೋರ್ಟ್ ತೀರ್ಪು ಬರುವವರೆಗೆ ಉತ್ತರ ಕೊಡಬೇಡಿ ಎನ್ನುತ್ತಾರೆ ಸಹೋದ್ಯೋಗಿಗಳು. ಸರಿಯೇ?
– ಓದುಗರೊಬ್ಬರು, ಮೈಸೂರು

ಉತ್ತರ: ದಯವಿಟ್ಟು ಆ ಮಾತು ಕೇಳಬೇಡಿ. ಕೆಲಸ ಕಳೆದುಕೊಳ್ಳಲು ಇದಕ್ಕಿಂತ ಹತ್ತಿರದ ದಾರಿ ಇಲ್ಲ. ನೀವು ಸುಮ್ಮನಿದ್ದರೆ ವಿಚಾರಣೆ ಏಕಪಕ್ಷೀಯವಾಗಿ ಮುಗಿಯುತ್ತದೆ. ಕೋರ್ಟಿನಲ್ಲಿ ಆರೋಪ ಸಂಶಯಾತೀತವಾಗಿ ರುಜುವಾತಾಗಬೇಕು, ಇಲಾಖೆಗೆ ಸಂಭವನೀಯತೆಯ ತೂಕ ಯಾವ ಕಡೆಗಿದೆ ಎಂಬುದಷ್ಟೇ ಸಾಕು. ನಮ್ಮ ರಾಜ್ಯದ್ದೇ ಗ್ರಾಮ ಲೆಕ್ಕಿಗರೊಬ್ಬರು ಲಂಚದ ಕೇಸಿನಲ್ಲಿ ಖುಲಾಸೆಯಾಗಿದ್ದರೂ ಇಲಾಖಾ ವಿಚಾರಣೆಯ ಮೇಲೆ ಕೊಟ್ಟ ಕಡ್ಡಾಯ ನಿವೃತ್ತಿಯನ್ನು ಸುಪ್ರೀಂ ಕೋರ್ಟ್ 2022ರಲ್ಲಿ ಎತ್ತಿಹಿಡಿಯಿತು.

ವಿಚಾರಣೆಗೆ ತಡೆ ಕೇಳಬಹುದು. ಅದಕ್ಕೆ ಎರಡೂ ಕಡೆ ಸಂಗತಿಗಳು ಒಂದೇ ಆಗಿರಬೇಕು, ಆರೋಪ ಗಂಭೀರವಾಗಿರಬೇಕು, ಕಾನೂನಿನ ಮತ್ತು ಸಂಗತಿಗಳ ತೊಡಕು ಇರಬೇಕು. ಇದು ಕೆಜಿಎಫ್‌ನ ಭಾರತ್ ಗೋಲ್ಡ್ ಮೈನ್ಸ್ ಪ್ರಕರಣದ (1999) ತೀರ್ಪು. ಕೋರ್ಟ್ ಕೇಸು ವಿನಾಕಾರಣ ಎಳೆದರೆ ವಿಚಾರಣೆ ಮತ್ತೆ ಶುರುವಾಗಬಹುದು ಎಂದೂ ಅದರಲ್ಲೇ ಇದೆ. ತಡೆಯ ಮನವಿಯನ್ನು ಶಿಸ್ತು ಪ್ರಾಧಿಕಾರಕ್ಕೆ ಕೊಡಿ, ಒಪ್ಪದಿದ್ದರೆ ಕೆಎಟಿಗೆ (ಕರ್ನಾಟಕ ಆಡಳಿತ ನ್ಯಾಯಮಂಡಳಿ) ಹೋಗಿ. ತಡೆ ಕೈಗೆ ಬರುವವರೆಗೂ ಒಂದು ವಾಯಿದೆಯನ್ನೂ ತಪ್ಪಿಸಬೇಡಿ.

ಉತ್ತರವನ್ನು ಆರೋಪದ ಕ್ರಮಸಂಖ್ಯೆಯಂತೆ ಬರೆಯಿರಿ. ನಿರಾಕರಿಸುವುದನ್ನು ಸ್ಪಷ್ಟವಾಗಿ ನಿರಾಕರಿಸಿ, ಆದರೆ ಕೋರ್ಟಿನಲ್ಲಿ ಎತ್ತಬೇಕಾದ ಸಮರ್ಥನೆಯನ್ನೆಲ್ಲ ಇಲ್ಲೇ ಬಿಚ್ಚಿಡಬೇಡಿ. ಕ್ರಿಮಿನಲ್ ವಕೀಲರು ನೋಡದೆ ಸಹಿ ಬೇಡ. ದೂರು, ಮಹಜರು, ಸಾಕ್ಷಿಗಳ ಹೇಳಿಕೆ, ಎಫ್‌ಎಸ್‌ಎಲ್ (ವಿಧಿವಿಜ್ಞಾನ ಪ್ರಯೋಗಾಲಯ) ವರದಿಯ ಪ್ರತಿಗಳನ್ನು ಪಟ್ಟಿ ಮಾಡಿ ಕೇಳಿ. ಇಲಾಖೆಯ ಪರ ವಾದಿಸುವ ಮಂಡನಾಧಿಕಾರಿ ವಕೀಲರಲ್ಲದಿದ್ದರೆ ನಿಮಗೂ ವಕೀಲರ ನೆರವು ಸಾಮಾನ್ಯವಾಗಿ ಸಿಗದು. ಹಾಗಾಗಿ ವಿಚಾರಣೆಗಳನ್ನು ಕಂಡ ಸರ್ಕಾರಿ ನೌಕರರೊಬ್ಬರನ್ನು ರಕ್ಷಣಾ ಸಹಾಯಕರಾಗಿ ಮೊದಲೇ ಗೊತ್ತುಮಾಡಿಕೊಳ್ಳಿ.

ಟ್ರ್ಯಾಪ್ ಪ್ರಕರಣವಾದರೆ ಮಹಜರನ್ನು ಸಾಲು ಸಾಲು ಓದಿ. ನೋಟಿಗೆ ಹಚ್ಚಿದ ಫಿನಾಫ್ತಲೀನ್ ಪುಡಿ ಬೆರಳಿಗೆ ತಾಗಿದ್ದರೆ, ಸೋಡಿಯಂ ಕಾರ್ಬೊನೇಟ್ ದ್ರಾವಣದಲ್ಲಿ ಅದ್ದಿದಾಗ ದ್ರಾವಣ ಗುಲಾಬಿಯಾಗುತ್ತದೆ. ನೋಟು ಮುಟ್ಟಿದ್ದಕ್ಕೆ ಅದು ಸಾಕ್ಷಿ, ಹಣ ಕೇಳಿದ್ದಕ್ಕಲ್ಲ. ಯಾವ ಕೈ, ಹಣ ಸಿಕ್ಕಿದ್ದು ಜೇಬಿನಲ್ಲೋ ಕಡತದ ನಡುವೆಯೋ, ‘ಕೊಡಿ’ ಎಂದದ್ದನ್ನು ಕೇಳಿಸಿಕೊಂಡ ನೆರಳು ಸಾಕ್ಷಿ (ದೂರುದಾರರ ಜೊತೆ ಕಳಿಸಿದ ಸಾಕ್ಷಿ) ಎಷ್ಟು ದೂರದಲ್ಲಿದ್ದರು, ನೀವು ಸ್ಥಳದಲ್ಲೇ ಕೊಟ್ಟ ವಿವರಣೆ ದಾಖಲಾಗಿದೆಯೇ? ಪಾಟಿ ಸವಾಲು ನಿಲ್ಲುವುದು ಇವುಗಳ ಮೇಲೆ. ಪ್ರತಿ ದಿನದ ಆರ್ಡರ್ ಶೀಟನ್ನು ಓದಿಯೇ ಸಹಿ ಹಾಕಿ.

ಪ್ರಶ್ನೆ: ಸಂಶಯದ ಲಾಭದ ಮೇಲೆ ಖುಲಾಸೆಯಾಗಿದೆ. ತಾನಾಗಿ ಕೆಲಸ ವಾಪಸು ಸಿಗುತ್ತದೆಯೇ?
– ಓದುಗರೊಬ್ಬರು, ನಂಜನಗೂಡು

ಉತ್ತರ: ಇಲ್ಲ. ತೀರ್ಪಿನ ದೃಢೀಕೃತ ಪ್ರತಿಯೊಂದಿಗೆ ಮನವಿ ಕೊಡಿ. ಸಾಕ್ಷ್ಯವನ್ನೆಲ್ಲ ಪರಿಗಣಿಸಿ ಆರೋಪವೇ ಸುಳ್ಳೆಂದು ಕೋರ್ಟ್ ಹೇಳಿದ್ದರೆ ಬಲ ಹೆಚ್ಚು, ಸಾಕ್ಷಿ ತಿರುಗಿಬಿದ್ದು ಬಂದ ಖುಲಾಸೆಗೆ ಅಷ್ಟಿಲ್ಲ. ಅಮಾನತಿನ ಅವಧಿಯನ್ನು ಕರ್ತವ್ಯವೆಂದು ಪರಿಗಣಿಸುವಂತೆಯೂ ಅದೇ ಮನವಿಯಲ್ಲಿ ಕೇಳಿ. ಒಂದು ವೇಳೆ ಶಿಕ್ಷೆಯಾಗಿದ್ದರೆ ಸಂವಿಧಾನದ 311(2)ನೇ ವಿಧಿಯ ಪರಂತುಕದಡಿ (ವಿನಾಯಿತಿ ಷರತ್ತಿನಡಿ) ವಿಚಾರಣೆ ಇಲ್ಲದೆಯೇ ವಜಾ ಮಾಡಬಹುದಿತ್ತು. ಮೇಲ್ಮನವಿಯಲ್ಲಿ ಶಿಕ್ಷೆಯ ಜಾರಿಗೆ ತಡೆ ಸಿಕ್ಕರೂ ಅದು ವಜಾವನ್ನು ತಡೆಯುವುದಿಲ್ಲ.

ಪ್ರಶ್ನೆ: ನಾನು ಸೆಸ್ಕ್ (ಚಾಮುಂಡೇಶ್ವರಿ ವಿದ್ಯುತ್ ಸರಬರಾಜು ನಿಗಮ) ನೌಕರ. ಇದೆಲ್ಲ ನನಗೂ ಅನ್ವಯವೇ?
– ಓದುಗರೊಬ್ಬರು, ಪಾಂಡವಪುರ

ಉತ್ತರ: ಎರಡು ವಿಚಾರಣೆ ಬೇರೆ ಬೇರೆ ಎಂಬ ತತ್ವ ಅನ್ವಯ. ಆದರೆ ವಿಚಾರಣೆ ಇಲ್ಲದೆ ವಜಾ ಮಾಡಬಾರದೆಂಬ 311ನೇ ವಿಧಿಯ ರಕ್ಷಣೆ ನಿಗಮದ ನೌಕರರಿಗಿಲ್ಲ, ನಿಮಗೆ ನಿಗಮದ್ದೇ ಶಿಸ್ತು ನಿಯಮಗಳು. ಕೆಎಟಿ ಬದಲು ಹೈಕೋರ್ಟಿನಲ್ಲಿ ರಿಟ್ ಹಾಕಬೇಕಾಗುತ್ತದೆ. ಅದಕ್ಕೂ ಮೊದಲು ನಿಮ್ಮ ನಿಯಮಗಳಲ್ಲಿರುವ ಮೇಲ್ಮನವಿಯನ್ನು ಗಡುವಿನೊಳಗೆ ಸಲ್ಲಿಸಿ.