ಕತ್ತಿ ಹಿಡಿಯದ ಮುಂದಾಳುಗಳು

ಪ್ರಿಯ ಓದುಗರೇ,

ಆಗಸ್ಟ್ ಸಂಚಿಕೆಯಲ್ಲಿ ನಾವು ಹಾಕಿದ ಸ್ವಾತಂತ್ರ್ಯ ಹೋರಾಟದ ಲೇಖನಗಳನ್ನು ಓದಿ ನೀವು ಬರೆದ ಪತ್ರ ಕೈಸೇರಿತು. ನಿಮ್ಮ ಅನುಮಾನ ಇಷ್ಟು: ಕಿತ್ತೂರು ಚೆನ್ನಮ್ಮನಂಥ ರಾಣಿಯರನ್ನು ಬಿಟ್ಟರೆ ಹೆಂಗಸರು ನಿಜಕ್ಕೂ ಮುಂದೆ ನಿಂತು ನಡೆಸಿದರೇ, ಇಲ್ಲ ಗಂಡನೋ ಅಪ್ಪನೋ ಜೈಲಿಗೆ ಹೋದ ಅಂತ ಹಿಂದೆ ಹೋದರೇ? ಸಣ್ಣದನ್ನು ದೊಡ್ಡದು ಮಾಡಿ ಬರೆಯುತ್ತಿಲ್ಲವೇ ನೀವು?

ಇಲ್ಲ, ದೊಡ್ಡದು ಮಾಡಿಲ್ಲ. ಬರೆದದ್ದೇ ಕಡಿಮೆಯಾಯಿತು ಅನ್ನುವುದು ನನ್ನ ಕೊರಗು.

ಚೆನ್ನಮ್ಮನ ಬಗ್ಗೆ ನಮ್ಮಿಬ್ಬರಿಗೂ ತಕರಾರಿಲ್ಲ. 1824ರ ಅಕ್ಟೋಬರ್‌ನಲ್ಲಿ ಕಲೆಕ್ಟರ್ ಥ್ಯಾಕರೆ ಕಿತ್ತೂರಿನಲ್ಲಿ ಸತ್ತದ್ದು, ಡಿಸೆಂಬರ್‌ನಲ್ಲಿ ಕೋಟೆ ಬಿದ್ದದ್ದು, 1829ರಲ್ಲಿ ರಾಣಿ ಬೈಲಹೊಂಗಲದ ಸೆರೆಯಲ್ಲೇ ತೀರಿಕೊಂಡದ್ದು ಶಾಲೆ ಮಕ್ಕಳಿಗೂ ಗೊತ್ತು. ಆದರೆ ಅಲ್ಲಿಂದಾಚೆಗೆ ನಮ್ಮ ಕಣ್ಣು ಕುದುರೆ, ಕತ್ತಿಗಳನ್ನೇ ಹುಡುಕುತ್ತದೆ. ಗಾಂಧೀಜಿ ಕಾಲದ ಹೋರಾಟದಲ್ಲಿ ಕತ್ತಿ ಎಲ್ಲಿತ್ತು? ಜನ ಕೂಡಿಸಬೇಕು, ಅವರನ್ನು ತಯಾರು ಮಾಡಬೇಕು, ದುಡ್ಡು ಹೊಂದಿಸಬೇಕು, ಒಬ್ಬರು ಜೈಲಿಗೆ ಹೋದರೆ ಮರುದಿನವೇ ಆ ಜಾಗಕ್ಕೆ ಇನ್ನೊಬ್ಬರನ್ನು ನಿಲ್ಲಿಸಬೇಕು. ಇದನ್ನು ಮಾಡಿದ ಗಂಡಸನ್ನು ನಾಯಕ ಅಂತೀವಿ. ಹೆಂಗಸು ಮಾಡಿದರೆ ನೆರವಾದಳು ಅಂತ ಬರೆಯುತ್ತೀವಿ.

ಹುಬ್ಬಳ್ಳಿಯ ಉಮಾಬಾಯಿ ಕುಂದಾಪುರ ಅವರನ್ನೇ ತೆಗೆದುಕೊಳ್ಳಿ. 13ನೇ ವಯಸ್ಸಿಗೆ ಮದುವೆ. ಮುಂದೆ ಓದಿಸಿದವರು ಮಾವ ಆನಂದರಾಯರು. 1923ರಲ್ಲಿ ಗಂಡ ಕ್ಷಯದಿಂದ ತೀರಿಕೊಂಡರು. ಆ ಕಾಲದಲ್ಲಿ ಇಂಥ ಹೆಣ್ಣುಮಗಳ ಪಾಲಿಗೆ ಉಳಿಯುತ್ತಿದ್ದದ್ದು ಹಿತ್ತಿಲ ಕೋಣೆ. ಉಮಾಬಾಯಿ ಮಾವನ ಜೊತೆ ಮುಂಬೈಯಿಂದ ಹುಬ್ಬಳ್ಳಿಗೆ ಬಂದರು. ತಿಲಕ್ ಕನ್ಯಾಶಾಲೆಯ ಹೊಣೆ ಹೊತ್ತರು, ಭಗಿನಿ ಮಂಡಲ ಅನ್ನುವ ಹೆಂಗಸರ ಸಂಘ ಕಟ್ಟಿದರು. ಡಾ. ನಾ.ಸು. ಹರ್ಡೀಕರ್ ಶುರು ಮಾಡಿದ ಕಾಂಗ್ರೆಸ್ ಸ್ವಯಂಸೇವಕರ ಪಡೆ ಹಿಂದೂಸ್ತಾನಿ ಸೇವಾದಳದ ಮಹಿಳಾ ವಿಭಾಗವನ್ನು ನಡೆಸಿದರು.

1924ರ ಡಿಸೆಂಬರ್‌ನಲ್ಲಿ ಬೆಳಗಾವಿಯಲ್ಲಿ ಕಾಂಗ್ರೆಸ್ ಅಧಿವೇಶನ. ಗಾಂಧೀಜಿ ಅಧ್ಯಕ್ಷರಾಗಿದ್ದ ಒಂದೇ ಒಂದು ಅಧಿವೇಶನ ಅದು. ಅದಕ್ಕೆ ಉಮಾಬಾಯಿ 150ಕ್ಕೂ ಹೆಚ್ಚು ಸ್ವಯಂಸೇವಕಿಯರನ್ನು ಕಲೆಹಾಕಿದರು. ಈ ಸಂಖ್ಯೆಯನ್ನು ಸುಮ್ನೆ ಓದಿ ಮುಂದೆ ಹೋಗಬೇಡಿ. ಹೆಣ್ಣುಮಕ್ಕಳು ಒಬ್ಬರೇ ಪೇಟೆಗೆ ಹೋದರೂ ಮಾತು ಬರುತ್ತಿದ್ದ ಕಾಲ. ಒಬ್ಬೊಬ್ಬಳ ಹಿಂದೆಯೂ ಒಂದು ಅತ್ತೆ, ಒಬ್ಬ ಅಪ್ಪ, ಒಂದು ಓಣಿ. ಅಷ್ಟು ಮನೆಗಳು ಒಪ್ಪದೆ ಅಷ್ಟು ಹೆಂಗಸರು ಬೆಳಗಾವಿ ಮುಟ್ಟಲು ಆಗುತ್ತಿರಲಿಲ್ಲ.

1932ರಲ್ಲಿ ಅವರನ್ನು ಬಂಧಿಸಿ ನಾಲ್ಕು ತಿಂಗಳು ಯರವಡಾ ಜೈಲಿನಲ್ಲಿಟ್ಟರು. ಅವರು ಒಳಗಿದ್ದಾಗಲೇ, ಬೆನ್ನಿಗೆ ನಿಂತಿದ್ದ ಮಾವ ಹೋಗಿಬಿಟ್ಟರು. ಹೊರಗೆ ಬಂದು ನೋಡಿದರೆ ಮನೆತನದ ಕರ್ನಾಟಕ ಪ್ರೆಸ್‌ ಸರ್ಕಾರದ ವಶ. ಶಾಲೆಗೆ ಬೀಗ. ಭಗಿನಿ ಮಂಡಲ ಕಾನೂನುಬಾಹಿರ. ಹೌದು, ಮನೆಯವರ ದಾರಿಯಲ್ಲೇ ಹೋರಾಟಕ್ಕೆ ಬಂದವರು ಬಹಳ ಮಂದಿ, ಅದನ್ನು ನಾನು ಅಲ್ಲಗಳೆಯುವುದಿಲ್ಲ. ಆದರೆ ಹಿಂದೆ ಬಂದವರೇ ಆಗಿದ್ದರೆ ಮುಂದಿದ್ದವರು ಹೋದ ಮೇಲೆ ಮನೆ ಸೇರಬೇಕಿತ್ತಲ್ಲ? ಉಮಾಬಾಯಿ ಜೈಲಿನಿಂದ ಬಿಟ್ಟ ಮೇಲೆ ದಿಕ್ಕಿಲ್ಲದಾದ ಹೆಣ್ಣುಮಕ್ಕಳಿಗೆ ತಮ್ಮ ಪುಟ್ಟ ಮನೆಯಲ್ಲಿ ಜಾಗ ಕೊಟ್ಟರು. 1934ರ ಬಿಹಾರ ಭೂಕಂಪಕ್ಕೆ ಸ್ವಯಂಸೇವಕರನ್ನು ಕಟ್ಟಿಕೊಂಡು ಹೋದರು. 1942ರಲ್ಲಿ ಭೂಗತರಾದವರು ರಾತ್ರೋರಾತ್ರಿ ಬಾಗಿಲು ತಟ್ಟಿದರೆ ಊಟ ಹಾಕಿದರು, ಬಚ್ಚಿಟ್ಟರು. 1946ರಲ್ಲಿ ಕಸ್ತೂರಬಾ ಟ್ರಸ್ಟಿನ ಕರ್ನಾಟಕದ ಕೆಲಸಕ್ಕೆ ಗಾಂಧೀಜಿ ಆರಿಸಿದ್ದು ಇವರನ್ನೇ.

ಇನ್ನು ಮಂಗಳೂರಿನ ಕಮಲಾದೇವಿ ಚಟ್ಟೋಪಾಧ್ಯಾಯ. ಇವರು ಬ್ರಿಟಿಷರ ಜೊತೆ ಮಾತ್ರ ಜಗಳ ಮಾಡಿದವರಲ್ಲ. 1930ರ ಮಾರ್ಚ್ 12ರಂದು ಗಾಂಧೀಜಿ ದಂಡಿಗೆ ಹೊರಟಾಗ ಜೊತೆಗಿದ್ದ 78 ಮಂದಿಯಲ್ಲಿ ಒಬ್ಬ ಹೆಂಗಸೂ ಇರಲಿಲ್ಲ. ಹೆಂಗಸರನ್ನು ಕಂಡು ಸರ್ಕಾರ ಕೈ ಮಾಡಲಿಕ್ಕಿಲ್ಲ, ಅವರನ್ನು ಅಡ್ಡ ಇಟ್ಟುಕೊಂಡು ಹೋದರೆ ಹೇಡಿತನವಾಗುತ್ತದೆ ಅನ್ನುವುದು ಗಾಂಧೀಜಿ ವಾದ. ಹೆಂಗಸರು ಹೆಂಡದಂಗಡಿ, ವಿದೇಶಿ ಬಟ್ಟೆ ಅಂಗಡಿಗಳ ಮುಂದೆ ಪಿಕೆಟಿಂಗ್ ಮಾಡಲಿ ಅಂದರು. ಕಮಲಾದೇವಿಗೆ ಇದು ಸರಿ ಕಾಣಲಿಲ್ಲ. ಯಾತ್ರೆಯ ದಾರಿಯಲ್ಲೇ ಹೋಗಿ ಕಂಡು ವಾದಿಸಿದರು, ಒಪ್ಪಿಸಿದರು. ಅಡುಗೆಮನೆಯ ಉಪ್ಪಿಗಾಗಿ ನಡೆಯುವ ಹೋರಾಟ, ಅದರಿಂದ ಹೆಂಗಸರೇ ಹೊರಗೆ ಅಂದರೆ ಹೇಗೆ?

ಆಮೇಲೆ ಮುಂಬೈ ಚೌಪಾಟಿಯ ಮರಳಲ್ಲಿ ಅವಂತಿಕಾಬಾಯಿ ಗೋಖಲೆ ಜೊತೆ ಒಲೆ ಹೂಡಿ ಕಡಲ ನೀರು ಕಾಯಿಸಿದರು. ಆ ಉಪ್ಪಿನ ಪೊಟ್ಟಣ ಹಿಡಿದು ಷೇರು ಪೇಟೆಯ ಒಳಗೇ ನುಗ್ಗಿ ಮಾರಿದರು. ಜೈಲಿಗೂ ಹೋದರು. ಮುಂದಾಳತನ ಅಂದರೆ ಇನ್ನೇನು ಬೇಕು ಹೇಳಿ? ತಾವು ದೇವರಂತೆ ಕಾಣುವ ನಾಯಕನ ಎದುರಿಗೂ ನಿಂತು, ನಿಮ್ಮ ಲೆಕ್ಕ ತಪ್ಪು ಅಂತ ಹೇಳುವ ಎದೆ ಎಷ್ಟು ಗಂಡಸರಿಗಿತ್ತು?

ಇವರಿಬ್ಬರೂ ಓದಿದ ಮನೆಯವರು, ಪಟ್ಟಣದವರು. ಹಳ್ಳಿಯ ಕಥೆ ಬೇಕೆಂದರೆ ಉತ್ತರ ಕನ್ನಡದ ಸಿದ್ದಾಪುರ ಸೀಮೆಗೆ ಬನ್ನಿ. ಕರನಿರಾಕರಣೆಯ ಕಾಲದಲ್ಲಿ ಕಂದಾಯ ಕಟ್ಟದ ರೈತರ ಆಸ್ತಿಯನ್ನು ಸರ್ಕಾರ ಹರಾಜಿಗೆ ಹಾಕಿತು. ಗಂಡಸರು ಜೈಲಲ್ಲಿ. ಆಗ ಮಾವಿನಗುಂಡಿಯಲ್ಲಿ, ಹರಾಜಿನ ಆಸ್ತಿ ಹಿಡಿದವರ ಮನೆ ಬಾಗಿಲಲ್ಲೇ ಹೆಂಗಸರು ಉಪವಾಸ ಕೂತರು. ಮಲೆನಾಡಿನಲ್ಲಿ ಮನೆ ಬಾಗಿಲಿಗೆ ಬಂದ ಹೆಣ್ಣುಮಗಳು ಹಸಿದು ಕೂತರೆ ಒಳಗಿನವರಿಗೆ ತುತ್ತು ಇಳಿಯುವುದಿಲ್ಲ. ಇದು ಕೂತ ಹೆಂಗಸರಿಗೆ ಚೆನ್ನಾಗಿ ಗೊತ್ತಿತ್ತು. ಇನ್ನು ಶಿವಮೊಗ್ಗ ಜಿಲ್ಲೆಯಲ್ಲಿ 1942ರಲ್ಲಿ ನಡೆದ ಈಸೂರಿನ ದಂಗೆಯಲ್ಲಿ ಗಲ್ಲಿಗೇರಿದ ಐವರನ್ನು ಎಲ್ಲರೂ ನೆನೆಯುತ್ತೇವೆ, ನೆನೆಯಲೇಬೇಕು. ಆದರೆ ಅದೇ ಮೊಕದ್ದಮೆಯಲ್ಲಿ ಹಾಲಮ್ಮ, ಸಿದ್ದಮ್ಮ, ಪಾರ್ವತಮ್ಮ ಅನ್ನುವ ಮೂವರಿಗೆ ಜೀವಾವಧಿ ಶಿಕ್ಷೆಯಾಯಿತು. ಆ ಹೆಸರುಗಳು ಎಷ್ಟು ಭಾಷಣಗಳಲ್ಲಿ ಬರುತ್ತವೆ?

ನಿಮ್ಮ ಪತ್ರದಿಂದ ಒಂದು ಕೆಲಸ ಶುರುವಾಗುತ್ತಿದೆ. ಉಪವಾಸ ಕೂತ, ಜೈಲಿಗೆ ಹೋದ, ಭೂಗತರಿಗೆ ಊಟ ಮುಟ್ಟಿಸಿದ ನಿಮ್ಮೂರಿನ ಹೆಂಗಸರ ಬಗ್ಗೆ ಗೊತ್ತಿದ್ದರೆ ಬರೆದು ಕಳಿಸಿ ಅಂತ ಎಲ್ಲ ಓದುಗರನ್ನೂ ಕೇಳುತ್ತಿದ್ದೇನೆ. ಊರು, ವರ್ಷ, ಯಾರಿಂದ ಕೇಳಿದ್ದು ಎಂಬುದಿರಲಿ. ಜೈಲಿನ ಕಾಗದ, ಹಳೇ ಫೋಟೋ ಇದ್ದರೆ ನಕಲು ಸಾಕು, ಮೂಲವನ್ನು ಮನೆಯಲ್ಲೇ ಜೋಪಾನ ಮಾಡಿ. "ಇಂಥವರ ಹೆಂಡತಿ" ಅಂತ ಬರೆದು ಬಿಡಬೇಡಿ, ಅವರ ಹೆಸರನ್ನೇ ಬರೆಯಿರಿ.

— ಸಂಪಾದಕ