ಅರಮನೆಯ ಕೆಳಗೆ ಅಂಚೆ ಚೀಲ

ಓದುಗರ ಪತ್ರದ ಸಾರ: ಹೋದ ತಿಂಗಳ ಹಡಗುಗಳ ಲೇಖನದಲ್ಲಿ ಟೈಟಾನಿಕ್ ಹೆಸರಿನ ಮುಂದಿನ ಆರ್‌ಎಂಎಸ್ ಅಂದರೆ ‘ರಾಜಮನೆತನದ ಹಡಗು’ ಎಂದು ಬರೆದಿದ್ದೀರಿ. ಮೂವತ್ತೆರಡು ವರ್ಷ ರೈಲಿನ ಆರ್‌ಎಂಎಸ್ ಡಬ್ಬಿಯಲ್ಲಿ ನಿಂತು ಕಾಗದ ವಿಂಗಡಿಸಿದವನು ನಾನು. ನಮ್ಮ ಆರ್‌ಎಂಎಸ್‌ಗೂ ಅದಕ್ಕೂ ಏನಾದರೂ ಸಂಬಂಧ ಇದೆಯೇ? ಇನ್ನೊಂದು ಮಾತು. ಲೇಖನದ ತುಂಬ ತೂಗುದೀಪ, ಬಾಲ್‌ರೂಮ್, ಈಜುಕೊಳ. ನಮ್ಮಜ್ಜ ಮಂಗಳೂರು ಬಂದರಿನಿಂದ ಸ್ಟೀಮರ್ ಹತ್ತಿ ಬೊಂಬಾಯಿಗೆ ಹೋಟೆಲ್ ಕೆಲಸಕ್ಕೆ ಹೋದವರು. ಡೆಕ್ ಮೇಲೆ ಚಾಪೆ ಹಾಸಿ ಮಲಗಿದ್ದರಂತೆ. ಅಂಥವರ ಸುದ್ದಿಯೇ ಇಲ್ಲವಲ್ಲ? ಕೊನೆಗೊಂದು. ‘ಪಾಶ್’ ಎಂಬ ಮಾತು ಹಡಗಿನ ಟಿಕೆಟ್‌ನಿಂದ ಬಂತು ಎಂದು ಮೊಮ್ಮಗ ಹೇಳುತ್ತಾನೆ. ನಿಜವೇ?
– ಉಡುಪಿ ಜಿಲ್ಲೆಯ ಓದುಗರೊಬ್ಬರು

ಸಂಪಾದಕರ ಉತ್ತರ:

ಹಿರಿಯರೇ, ತಪ್ಪು ನಮ್ಮದೇ. ಆರ್‌ಎಂಎಸ್ ಅಂದರೆ ರಾಯಲ್ ಮೇಲ್ ಸ್ಟೀಮರ್. ರಾಯಲ್ ಮೇಲ್ ಶಿಪ್ ಅಂತಲೂ ಹೇಳುತ್ತಾರೆ. ಬ್ರಿಟನ್ನಿನ ಅಂಚೆಯ ಹೆಸರೇ ರಾಯಲ್ ಮೇಲ್. ಅದರ ಚೀಲ ಹೊರುವ ಗುತ್ತಿಗೆ ಪಡೆದ ಹಡಗು ಆ ಮೂರಕ್ಷರ ಹಾಕಿಕೊಳ್ಳಬಹುದಿತ್ತು. ರಾಜನಿಗೂ ಹಡಗಿಗೂ ಇದ್ದ ನಂಟು ಅಷ್ಟೇ. ಕರಡು ತಿದ್ದುವಾಗ ನನಗೆ ‘ರಾಯಲ್’ ಕಂಡಿದೆ, ‘ಮೇಲ್’ ಕಂಡಿಲ್ಲ. ನಿಮ್ಮದು ರೈಲ್ವೇ ಮೇಲ್ ಸರ್ವಿಸ್. ವಿಸ್ತಾರ ಬೇರೆ, ಕೆಲಸ ಮಾತ್ರ ಹೆಚ್ಚುಕಮ್ಮಿ ಒಂದೇ.

ಒಂದೇ ಅಂದದ್ದು ಸುಮ್ನೆ ಅಲ್ಲ. ಟೈಟಾನಿಕ್‌ನ ಹೊಟ್ಟೆಯಲ್ಲಿ ಒಂದು ಅಂಚೆ ಕೋಣೆ ಇತ್ತು. ಅಲ್ಲಿ ಐದು ಜನ ಸಾರ್ಟರ್‌ಗಳು. ಮೂವರು ಅಮೆರಿಕದ ಅಂಚೆಯವರು, ಇಬ್ಬರು ಬ್ರಿಟನ್ನಿನವರು. ಹಡಗಿನಲ್ಲಿ ಮೂರು ಸಾವಿರಕ್ಕೂ ಜಾಸ್ತಿ ಚೀಲಗಳಿದ್ದವು. ನ್ಯೂಯಾರ್ಕ್ ಮುಟ್ಟುವ ಮೊದಲೇ ಎಲ್ಲ ವಿಂಗಡಿಸಿ ಇಡುವುದು ಅವರ ಕೆಲಸ. ಹಿಮಬಂಡೆಗೆ ತಾಗಿದಾಗ ಮೊದಲು ನೀರು ನುಗ್ಗಿದ ಜಾಗಗಳಲ್ಲಿ ಆ ಕೋಣೆಯೂ ಒಂದು. ಐವರೂ ರಿಜಿಸ್ಟರ್ಡ್ ಚೀಲಗಳನ್ನು ಮೇಲಿನ ಡೆಕ್ಕಿಗೆ ಎಳೆಯತೊಡಗಿದರು. ನೀರು ಹಿಂದೆಯೇ ಹತ್ತಿ ಬಂತು. ಐವರಲ್ಲಿ ಒಬ್ಬರೂ ಉಳಿಯಲಿಲ್ಲ. ನಮ್ಮ ಲೇಖನದಲ್ಲಿ ಇಡೀ ಒಂದು ಪುಟ ಹಡಗಿನ ವಾದ್ಯಗಾರರ ಬಗ್ಗೆ ಇತ್ತು. ಇವರ ಬಗ್ಗೆ ಒಂದು ಸಾಲೂ ಇರಲಿಲ್ಲ.

ನಿಮ್ಮ ಪತ್ರ ಓದಿದ ಮೇಲೆ ಆ ಲೇಖನವನ್ನು ಮತ್ತೆ ತೆಗೆದು ನೋಡಿದೆ. ಆ ಒಂದು ತಪ್ಪು ಬಿಟ್ಟರೆ ಬರೆದದ್ದರಲ್ಲಿ ಸುಳ್ಳಿಲ್ಲ, ಆದರೆ ತಲೆಕೆಳಗಾಗಿದೆ ಅನ್ನಿಸಿತು. ಆ ಹಡಗುಗಳು ತೇಲುವ ಅರಮನೆಗಳಾಗಿ ಹುಟ್ಟಿದವಲ್ಲ. ಅಂಚೆ ಗಾಡಿಗಳಾಗಿ ಹುಟ್ಟಿದವು. ಅರಮನೆ ಆಮೇಲೆ ಬಂತು.

ಇಂಥ ಹಡಗುಗಳಿಗೆ ಹೇಳುವ ‘ಲೈನರ್’ ಎಂಬ ಮಾತನ್ನೇ ನೋಡಿ. ಎರಡು ಊರಿನ ನಡುವೆ ಗೊತ್ತಾದ ದಿನ, ಗೊತ್ತಾದ ದಾರಿಯಲ್ಲಿ ಓಡುವ ಸೇವೆಗೆ ಲೈನ್ ಅನ್ನುತ್ತಿದ್ದರು. ಅದಕ್ಕೂ ಮೊದಲು ಹಡಗುಗಳು ನಮ್ಮ ಕಡೆಯ ಮ್ಯಾಕ್ಸಿಕ್ಯಾಬ್ ಇದ್ದ ಹಾಗೆ. ಭರ್ತಿಯಾದ ಮೇಲೇ ಹೊರಡುವುದು. ಇವತ್ತು ಅಂದದ್ದು ಮುಂದಿನ ವಾರ ಆದರೂ ಕೇಳುವವರಿಲ್ಲ. 1818ರ ಜನವರಿಯಲ್ಲಿ ನ್ಯೂಯಾರ್ಕಿನ ಬ್ಲ್ಯಾಕ್ ಬಾಲ್ ಲೈನ್‌ನವರು ಬೇರೆ ದಾರಿ ಹಿಡಿದರು. ಹಡಗು ತುಂಬಲಿ ಬಿಡಲಿ, ಹೇಳಿದ ದಿನ ಲಿವರ್‌ಪೂಲಿಗೆ ಹೊರಡುತ್ತೇವೆ ಎಂದರು. ಹಿಮದ ನಡುವೆ ಹೊರಟೂ ತೋರಿಸಿದರು. ಅವು ಹಾಯಿಹಡಗುಗಳು. ಹೊರಡುವುದೇನೋ ಹೇಳಿದ ದಿನ, ಮುಟ್ಟುವುದು ಗಾಳಿಯ ಕೈಯಲ್ಲಿ. ಉಗಿ ಬಂದದ್ದು ಆ ಎರಡನೆಯ ತಾಪತ್ರಯಕ್ಕೆ.

ಆದರೆ ಕಲ್ಲಿದ್ದಲು ದುಬಾರಿ. ಅದನ್ನು ತುಂಬಿದರೆ ಸರಕಿಗೆ ಜಾಗ ಇಲ್ಲ. ಬರೀ ಪ್ರಯಾಣಿಕರ ದುಡ್ಡಿನಲ್ಲಿ ಲೆಕ್ಕ ಕೂಡುತ್ತಿರಲಿಲ್ಲ. ಇಲ್ಲಿ ಕೈಹಿಡಿದದ್ದೇ ಅಂಚೆ ಗುತ್ತಿಗೆ. ಕೆನಡಾದ ಹ್ಯಾಲಿಫ್ಯಾಕ್ಸ್‌ನ ವ್ಯಾಪಾರಿ ಸ್ಯಾಮ್ಯುಯೆಲ್ ಕುನಾರ್ಡ್ 1839ರಲ್ಲಿ ಬ್ರಿಟಿಷ್ ಸರ್ಕಾರದ ಜೊತೆ ಒಪ್ಪಂದ ಮಾಡಿಕೊಂಡ. ಮೊದಲ ಮಾತುಕತೆಯಲ್ಲಿ ಗೊತ್ತಾದದ್ದು ವರ್ಷಕ್ಕೆ 55,000 ಪೌಂಡ್. ಮರುವರ್ಷ ಜುಲೈ 4ರಂದು ಅವನ ‘ಬ್ರಿಟಾನಿಯಾ’ ಲಿವರ್‌ಪೂಲ್ ಬಿಟ್ಟು ಸುಮಾರು ಎರಡು ವಾರದಲ್ಲಿ ಬೋಸ್ಟನ್ ಮುಟ್ಟಿತು. ಮರದ ಹಡಗು, ಪಕ್ಕದಲ್ಲಿ ಚಕ್ರ. ಹಾಲಿಗೆಂದು ಡೆಕ್ ಮೇಲೆ ಒಂದು ಹಸು. ಅರಮನೆ ಅನ್ನುವ ಹಾಗೆ ಏನೂ ಇರಲಿಲ್ಲ. 1842ರ ಜನವರಿಯಲ್ಲಿ ಚಾರ್ಲ್ಸ್ ಡಿಕನ್ಸ್ ಇದೇ ಹಡಗಿನಲ್ಲಿ ಅಮೆರಿಕಕ್ಕೆ ಹೋದ. ಕ್ಯಾಬಿನ್ ಎಷ್ಟು ಇಕ್ಕಟ್ಟು, ಹೊಟ್ಟೆ ಎಷ್ಟು ತೊಳಸಿತು ಎಂದು ಪುಟಗಟ್ಟಲೆ ಗೋಳಾಡಿದ. ವಾಪಸು ಬರುವಾಗ ಹಾಯಿಹಡಗು ಹತ್ತಿದ!

ನಮ್ಮ ಕಡೆಯ ಕಥೆ ಇನ್ನೂ ಸ್ವಾರಸ್ಯ. 1830ರ ಮಾರ್ಚ್ 20ರಂದು ‘ಹ್ಯೂ ಲಿಂಡ್ಸೆ’ ಎಂಬ ಪುಟ್ಟ ಉಗಿಹಡಗು ಬೊಂಬಾಯಿಯಿಂದ ಈಜಿಪ್ಟಿನ ಸೂಯೆಜ್‌ಗೆ ಹೊರಟಿತು. ಅದನ್ನು ಕಟ್ಟಿದ್ದೂ ಬೊಂಬಾಯಿಯಲ್ಲೇ. ದಾರಿಗೆ ಬೇಕಾದಷ್ಟು ಕಲ್ಲಿದ್ದಲು ಅದರ ಹೊಟ್ಟೆಯಲ್ಲಿ ಹಿಡಿಯುತ್ತಿರಲಿಲ್ಲ. ಮನುಷ್ಯರು ಮಲಗುವ ಕ್ಯಾಬಿನ್‌ಗಳಿಗೂ ತುಂಬಿದರು. ನಡುನಡುವೆ ನಿಂತು ಕಲ್ಲಿದ್ದಲು ಹೇರಿಕೊಂಡು ಸೂಯೆಜ್ ಮುಟ್ಟಲು ತಿಂಗಳು ದಾಟಿತು. ಆದರೂ ಲಾಭವೇ. ಆಫ್ರಿಕಾ ಸುತ್ತಿ ಹೋಗುವ ಹಾಯಿಹಡಗಿನಲ್ಲಿ ಒಂದು ಕಾಗದಕ್ಕೆ ನಾಲ್ಕೈದು ತಿಂಗಳು ಹಿಡಿಯುತ್ತಿದ್ದ ಕಾಲ ಅದು. 1839ರಲ್ಲಿ ಬ್ರಿಟಿಷರು ಕೆಂಪು ಸಮುದ್ರದ ಬಾಯಿಯ ಹತ್ತಿರದ ಏಡನ್ ಬಂದರನ್ನು ಹಿಡಿದುಕೊಂಡರಲ್ಲ, ಅದರ ಹಿಂದೆಯೂ ಈ ಕಲ್ಲಿದ್ದಲಿನ ಚಿಂತೆ ಇತ್ತು. ತಮಾಷೆ ಅಂದರೆ, ಏಡನ್ನಿನ ಆ ಕಲ್ಲಿದ್ದಲು ಬ್ರಿಟನ್ನಿನಿಂದ ಬರುತ್ತಿದ್ದದ್ದು ಹಾಯಿಹಡಗುಗಳಲ್ಲಿ. ಹಳೆಯದೇ ಹೊಸದಕ್ಕೆ ಅನ್ನ ಹಾಕುತ್ತಿತ್ತು.

ಆಮೇಲೆ ಪಿ ಅಂಡ್ ಓ ಕಂಪನಿ ಬಂತು. 1837ರಲ್ಲಿ ಸ್ಪೇನ್, ಪೋರ್ಚುಗಲ್ ಕಡೆಯ ಅಂಚೆ ಗುತ್ತಿಗೆಯಿಂದ ಶುರುವಾದದ್ದು. 1842ರಲ್ಲಿ ಅದರ ‘ಹಿಂದೋಸ್ತಾನ್’ ಕಲ್ಕತ್ತೆಯ ಕಡೆಗೆ ಹೊರಟಿತು. ಸೂಯೆಜ್ ಕಾಲುವೆ ತೆರೆದದ್ದು 1869ರಲ್ಲಿ. ಅದಕ್ಕೂ ಮೊದಲು, ಈಜಿಪ್ಟಿನಲ್ಲಿ ರೈಲು ಬರುವ ತನಕ, ಜನ, ಗಂಟುಮೂಟೆ, ಅಂಚೆ ಪೆಟ್ಟಿಗೆ ಎಲ್ಲ ಅಲೆಕ್ಸಾಂಡ್ರಿಯಾದಲ್ಲಿ ಇಳಿದು, ನೈಲ್ ನದಿಯಲ್ಲಿ ಕೈರೋ ಸೇರಿ, ಮರಳುಗಾಡು ದಾಟಿ ಸೂಯೆಜ್‌ನಲ್ಲಿ ಇನ್ನೊಂದು ಹಡಗು ಹತ್ತಬೇಕಿತ್ತು. ಜನಕ್ಕೆ ಕುದುರೆ ಗಾಡಿ, ಅಂಚೆಗೆ ಒಂಟೆ.

ಇನ್ನು ನಿಮ್ಮ ಪ್ರಶ್ನೆಗೆ ನೇರ ಉತ್ತರ. ಹೌದು, ಹಡಗಿನಲ್ಲೂ ನಿಮ್ಮಂಥವರು ಇದ್ದರು. ನಮ್ಮ ದೇಶದ್ದೇ ‘ಸೀ ಪೋಸ್ಟ್ ಆಫೀಸ್’ ಇತ್ತು. ವಿಲಾಯಿತಿಯಿಂದ ಬರುವ ಚೀಲಗಳನ್ನು ಏಡನ್ನಿಗೂ ಬೊಂಬಾಯಿಗೂ ನಡುವೆ ಕಡಲ ಮೇಲೇ ಬಿಚ್ಚಿ, ಊರೂರಿಗೆ ವಿಂಗಡಿಸಿ, ಮತ್ತೆ ಕಟ್ಟಿಡುತ್ತಿದ್ದರು. ಹಡಗು ದಡ ಮುಟ್ಟಿದ ಕೂಡಲೇ ಚೀಲಗಳು ಸೀದಾ ರೈಲಿಗೆ. ಓಡುವ ರೈಲಿನಲ್ಲಿ ನಿಂತು ಖಾನೆಗೆ ಕಾಗದ ಎಸೆಯುವುದು ಕಷ್ಟ ಎಂದು ನೀವು ಬರೆದಿದ್ದೀರಿ. ಮಳೆಗಾಲದ ಅರಬ್ಬೀ ಸಮುದ್ರದಲ್ಲಿ ಅದೇ ಕೆಲಸ ಹೇಗಿರಬೇಡ! ಮೊದಲ ಮಹಾಯುದ್ಧದ ಹೊತ್ತಿಗೆ ಈ ಏರ್ಪಾಡು ನಿಂತುಹೋಯಿತು.

ಅಂಚೆ ಹಡಗಿನ ವೇಗ ಎಷ್ಟು ಅಂತ ತಿಳಿಯಲು ಒಂದು ಕಾಗದದ ಕಥೆ ಕೇಳಿ. 1921ರಲ್ಲಿ ಸಿ.ವಿ. ರಾಮನ್ ಇಂಗ್ಲೆಂಡಿನಿಂದ ಪಿ ಅಂಡ್ ಓ ಕಂಪನಿಯ ‘ನಾರ್ಕುಂಡಾ’ದಲ್ಲಿ ವಾಪಸು ಬರುತ್ತಿದ್ದರು. ಮೆಡಿಟರೇನಿಯನ್ ನೀಲಿ ಅವರ ತಲೆ ಕೆಡಿಸಿತು. ಡೆಕ್ ಮೇಲೆ ಪ್ರಿಸಮ್ ಹಿಡಿದು ನಿಂತರು. ಕಡಲಿನ ಬಣ್ಣ ಆಕಾಶದ ಪ್ರತಿಬಿಂಬ ಮಾತ್ರ ಅಲ್ಲ, ನೀರೇ ಬೆಳಕನ್ನು ಚೆದುರಿಸುತ್ತದೆ ಎಂದು ಬರೆದು ‘ನೇಚರ್’ ಪತ್ರಿಕೆಗೆ ಕಳಿಸಿದರು. ಆ ಕಾಗದದ ಮೇಲಿದ್ದ ವಿಳಾಸ ಬೊಂಬಾಯಿ ಬಂದರಿನದು, ತಾರೀಕು ಸೆಪ್ಟೆಂಬರ್ 26. ಅಚ್ಚಾದದ್ದು ನವೆಂಬರ್ 17ರ ಸಂಚಿಕೆಯಲ್ಲಿ. ಕಾಗದ ಲಂಡನ್ ಸೇರಿ, ಮೊಳೆ ಜೋಡಿಸಿ, ಅಚ್ಚಾಗಿ ಹೊರಬರಲು ಎರಡು ತಿಂಗಳೂ ಆಗಲಿಲ್ಲ. ನಮ್ಮ ಕಚೇರಿಗೆ ಬಂದ ಲೇಖನಗಳು ಅಚ್ಚಾಗಲು ಈಗಲೂ ಅದಕ್ಕಿಂತ ಜಾಸ್ತಿ ಹೊತ್ತು ಹಿಡಿಯುವುದುಂಟು. ದಯವಿಟ್ಟು ಇದನ್ನು ದೊಡ್ಡದು ಮಾಡಬೇಡಿ.

ನಿಮ್ಮ ಎರಡನೆಯ ದೂರು ಹೆಚ್ಚು ಗಟ್ಟಿ. ಅರಮನೆಯ ಕೆಳಗಿದ್ದವರು ಎಲ್ಲಿ ಎಂದು ಕೇಳಿದ್ದೀರಿ.

ಅಟ್ಲಾಂಟಿಕ್‌ನಲ್ಲಿ ಹಡಗು ಕಂಪನಿಗಳ ಅನ್ನದ ಬಟ್ಟಲು ಫಸ್ಟ್ ಕ್ಲಾಸ್ ಮಾತ್ರ ಅಲ್ಲ. ಕೆಳಗಿನ ಸ್ಟೀರೇಜ್, ಅಂದರೆ ಮೂರನೇ ದರ್ಜೆ. ಯುರೋಪಿನ ಹಳ್ಳಿಗಳನ್ನು ಬಿಟ್ಟು ಹೊರಟ ಬಡವರು ಅಲ್ಲಿರುತ್ತಿದ್ದರು. 1892ರಲ್ಲಿ ತೆರೆದ ನ್ಯೂಯಾರ್ಕಿನ ಎಲಿಸ್ ಐಲೆಂಡ್ ಕಚೇರಿಯ ಮೂಲಕ ಸುಮಾರು 1.2 ಕೋಟಿ ಜನ ಅಮೆರಿಕಕ್ಕೆ ಕಾಲಿಟ್ಟರು. ಟೈಟಾನಿಕ್‌ನಲ್ಲೂ ಪ್ರಯಾಣಿಕರಲ್ಲಿ ಅರ್ಧಕ್ಕಿಂತ ಜಾಸ್ತಿ ಮಂದಿ ಮೂರನೇ ದರ್ಜೆಯವರು. 1924ರಲ್ಲಿ ಅಮೆರಿಕ ವಲಸೆಗೆ ಕಾನೂನಿನ ಬಾಗಿಲು ಹಾಕಿತು. ಆಗ ಕಂಪನಿಗಳು ಬೆಚ್ಚಿಬಿದ್ದವು. ಖಾಲಿ ಬಿದ್ದ ಸ್ಟೀರೇಜ್‌ಗೆ ಬಣ್ಣ ಬಳಿದು ‘ಟೂರಿಸ್ಟ್ ಥರ್ಡ್’ ಎಂದು ಹೊಸ ಹೆಸರಿಟ್ಟು ಮೇಷ್ಟ್ರುಗಳಿಗೂ ವಿದ್ಯಾರ್ಥಿಗಳಿಗೂ ಮಾರಿದವು.

ಅದಕ್ಕೂ ಕೆಳಗೆ ಬೆಂಕಿಯ ಲೋಕ. 1907ರ ‘ಮೌರಿಟೇನಿಯಾ’ ಪೂರ್ತಿ ವೇಗದಲ್ಲಿ ಓಡಿದರೆ ದಿನಕ್ಕೆ ಸುಮಾರು ಸಾವಿರ ಟನ್ ಕಲ್ಲಿದ್ದಲು ನುಂಗುತ್ತಿತ್ತು. ಅಷ್ಟನ್ನೂ ಸಲಿಕೆಯಲ್ಲಿ ಎತ್ತಿ ಒಲೆಗೆ ಹಾಕಬೇಕು. ಅದಕ್ಕೇ ಮುನ್ನೂರಕ್ಕೂ ಜಾಸ್ತಿ ಆಳುಗಳು. ಇಪ್ಪತ್ತು ವರ್ಷ ಅಟ್ಲಾಂಟಿಕ್‌ನ ವೇಗದ ದಾಖಲೆ ಅದರ ಹೆಸರಿನಲ್ಲಿತ್ತು ಅಂತ ನಾವು ಹೆಮ್ಮೆಯಿಂದ ಬರೆದೆವು. ಆ ವೇಗ ಯಾರ ಬೆನ್ನಿನ ಮೇಲೆ ಕೂತಿತ್ತು ಅಂತ ಬರೆಯಲಿಲ್ಲ. ಭಾರತದ ಕಡೆ ಓಡುವ ಪಿ ಅಂಡ್ ಓ ಹಡಗುಗಳಲ್ಲಿ ಒಲೆ ಕಾಯುತ್ತಿದ್ದವರು ನಮ್ಮವರೇ. ಅವರಿಗೆ ‘ಆಗ್‌ವಾಲಾ’ ಎಂದು ಹೆಸರು, ಹೆಚ್ಚಿನವರು ಪಂಜಾಬಿನ ಕಡೆಯವರು. ಊಟ ಬಡಿಸುವವರು ಗೋವಾದವರು. ಡೆಕ್ ಕೆಲಸದವರಿಗೆ ಸಾರಂಗ, ತಾಂಡೇಲ ಎಂಬ ಮೇಸ್ತ್ರಿಗಳು. ತಾಂಡೇಲ ಎಂಬ ಹೆಸರು ನಿಮ್ಮ ಕರಾವಳಿಗೆ ಹೊಸದಲ್ಲ, ಅಲ್ವಾ? ಇವರೆಲ್ಲರನ್ನೂ ಒಟ್ಟಿಗೆ ಲಸ್ಕರ್ ಎನ್ನುತ್ತಿದ್ದರು. ಬಿಳಿಯ ಖಲಾಸಿಗೆ ಕೊಡುವುದರಲ್ಲಿ ಇವರಿಗೆ ಸಿಗುತ್ತಿದ್ದದ್ದು ಚಿಕ್ಕ ಪಾಲು.

ಇನ್ನು ನಿಮ್ಮ ಅಜ್ಜನಂಥವರು. ಮಂಗಳೂರಿನ ಹಳೆ ಬಂದರು ನದಿಯ ಬಾಯಿಯಲ್ಲಿತ್ತು. ನೀರು ಆಳ ಇಲ್ಲ, ಅಳಿವೆಯಲ್ಲಿ ಮರಳು. ಸ್ಟೀಮರ್ ದೂರದಲ್ಲೇ ಲಂಗರು ಹಾಕುವುದು, ಜನ ದೋಣಿಯಲ್ಲಿ ಹೋಗಿ ಹತ್ತುವುದು. ಪಣಂಬೂರಿನ ಆಳದ ಬಂದರು ಬಂದದ್ದು 1970ರ ದಶಕದಲ್ಲಿ. ಮಳೆಗಾಲ ಹಿಡಿಯಿತೆಂದರೆ ಸ್ಟೀಮರ್ ಬಂದ್. ಆದರೂ ಜನ ಅದನ್ನೇ ನೆಚ್ಚಿಕೊಂಡಿದ್ದರು. ರಸ್ತೆಯಲ್ಲಿ ಹೋಗೋಣ ಅಂದರೆ ಹೊಳೆಗೊಂದು ಕಡವು. ಕೊಂಕಣ ರೈಲು ಪೂರ್ತಿ ಓಡಿದ್ದು 1998ರಲ್ಲಿ. ಬೊಂಬಾಯಿಯ ಎಷ್ಟೋ ಉಡುಪಿ ಹೋಟೆಲಿನ ಕಥೆ ಇಂಥ ಡೆಕ್ ಮೇಲಿನ ಚಾಪೆಯಿಂದಲೇ ಶುರುವಾಗುತ್ತದೆ.

ಪೂರ್ವದ ಕಡೆ ಇದು ಇನ್ನೂ ದೊಡ್ಡ ಪ್ರಮಾಣದಲ್ಲಿ ನಡೆಯಿತು. ಬ್ರಿಟಿಷ್ ಇಂಡಿಯಾ ಕಂಪನಿಯ ‘ರಜುಲಾ’ ಎಂಬ ಹಡಗು 1926ರಲ್ಲಿ ನೀರಿಗಿಳಿಯಿತು. ಮದ್ರಾಸ್, ನಾಗಪಟ್ಟಣದಿಂದ ಪೆನಾಂಗ್, ಸಿಂಗಪುರಕ್ಕೆ ಓಡುತ್ತಿತ್ತು. ಐದು ಸಾವಿರಕ್ಕೂ ಜಾಸ್ತಿ ಜನರನ್ನು ಹೊರಲು ಅದಕ್ಕೆ ಪರವಾನಗಿ ಇತ್ತು. ಹೆಚ್ಚುಕಮ್ಮಿ ಎಲ್ಲರೂ ಡೆಕ್ ಪ್ರಯಾಣಿಕರು. ಹಾಸಿಗೆ ನಿನ್ನದು, ಜಾಗ ಮೊದಲು ಬಂದವನದು. 1970ರ ದಶಕದ ಆರಂಭದವರೆಗೂ ಅದು ಓಡಿತು. ಎಷ್ಟೋ ದೊಡ್ಡ ಅರಮನೆಗಳು ಗುಜರಿಗೆ ಹೋದ ಮೇಲೂ!

ಪಾಶ್ ವಿಷಯ. ಮೊಮ್ಮಗ ಹೇಳಿದ ಕಥೆ ಚೆನ್ನಾಗಿದೆ. ಇಂಗ್ಲೆಂಡಿನಿಂದ ಭಾರತಕ್ಕೆ ಹೋಗುವಾಗ ಎಡಗಡೆ, ವಾಪಸು ಬರುವಾಗ ಬಲಗಡೆ, ಹೀಗೆ ನೆರಳಿನ ಕ್ಯಾಬಿನ್ ಹಿಡಿದ ಶ್ರೀಮಂತರ ಟಿಕೆಟ್ ಮೇಲೆ ‘ಪೋರ್ಟ್ ಔಟ್, ಸ್ಟಾರ್‌ಬೋರ್ಡ್ ಹೋಮ್’ ಎಂಬುದರ ಮೊದಲಕ್ಷರಗಳ ಮುದ್ರೆ ಇರುತ್ತಿತ್ತಂತೆ. ತೊಂದರೆ ಒಂದೇ. ಅಂಥ ಮುದ್ರೆ ಇರುವ ಟಿಕೆಟ್ ಒಂದೂ ಸಿಕ್ಕಿಲ್ಲ. ಪದ ಮೊದಲು ಬಂದಿತ್ತು, ಕಥೆ ಆಮೇಲೆ ಹುಟ್ಟಿತು.

ಕೊನೆಗೆ, ವಿಮಾನ ಹಡಗನ್ನು ಮುಗಿಸಿತು ಎಂದು ನಾವು ಬರೆದದ್ದು. ಅದೂ ಅರ್ಧ ಸತ್ಯವೇ. ವಿಮಾನ ಮೊದಲು ಕಿತ್ತುಕೊಂಡದ್ದು ಪ್ರಯಾಣಿಕರನ್ನಲ್ಲ, ನಿಮ್ಮ ಚೀಲವನ್ನು. 1929ರಲ್ಲಿ ಲಂಡನ್–ಕರಾಚಿ ವಿಮಾನ ಅಂಚೆ ಶುರುವಾಯಿತು. 1932ರ ಅಕ್ಟೋಬರ್ 15ರಂದು ಜೆ.ಆರ್.ಡಿ. ಟಾಟಾ ಕರಾಚಿಯಿಂದ ಪುಟ್ಟ ‘ಪುಸ್ ಮಾತ್’ ವಿಮಾನದಲ್ಲಿ ಆ ಚೀಲ ಹೊತ್ತು, ಅಹಮದಾಬಾದಿನಲ್ಲಿ ಇಳಿದು, ಬೊಂಬಾಯಿಗೆ ಹಾರಿ ಬಂದರು. ಅಲ್ಲಿಂದ ಮದ್ರಾಸಿಗೆ ಅವರ ಜೊತೆಗಾರ ನೆವಿಲ್ ವಿಂಟ್ಸೆಂಟ್ ಒಯ್ದರು. ನಡುವೆ ಎಲ್ಲಿ ಇಳಿದರು ಗೊತ್ತೇ? ನಮ್ಮ ಬಳ್ಳಾರಿಯಲ್ಲಿ. ಹಡಗಿನಿಂದ ಜಾರಿದ ಅಂಚೆ ಬಳ್ಳಾರಿಯ ಬಯಲಿನಲ್ಲಿ ಬಂದು ಇಳಿಯಿತು.

ಜನ ಬಿಟ್ಟುಹೋದದ್ದು ಆಮೇಲೆ. 1952ರಲ್ಲಿ ‘ಯುನೈಟೆಡ್ ಸ್ಟೇಟ್ಸ್’ ಎಂಬ ಹಡಗು ಅಟ್ಲಾಂಟಿಕ್ ಅನ್ನು ಮೂರು ದಿನ, ಹತ್ತು ಗಂಟೆ, ನಲವತ್ತು ನಿಮಿಷದಲ್ಲಿ ದಾಟಿತು. ಅಷ್ಟು ಜೋರಾಗಿ ಬೇರೆ ಯಾವ ಲೈನರೂ ಓಡಿಲ್ಲ. 1958ರ ಅಕ್ಟೋಬರ್‌ನಲ್ಲಿ ಜೆಟ್ ವಿಮಾನಗಳು ಅದೇ ದಾರಿಗೆ ಬಂದವು. ದಿನಗಳ ಲೆಕ್ಕ ಗಂಟೆಗಳಿಗೆ ಇಳಿಯಿತು. 1969ರಲ್ಲಿ ಆ ಹಡಗನ್ನು ಕಟ್ಟಿಹಾಕಿದರು.

ಆರ್‌ಎಂಎಸ್ ಎಂಬ ಅಕ್ಷರ ಮಾತ್ರ ಇನ್ನೂ ಸ್ವಲ್ಪ ಕಾಲ ನಿಜವಾಗಿ ದುಡಿಯಿತು. ದಕ್ಷಿಣ ಅಟ್ಲಾಂಟಿಕ್‌ನಲ್ಲಿ ಸೇಂಟ್ ಹೆಲೀನಾ ಎಂಬ ದ್ವೀಪ ಇದೆ, ನೆಪೋಲಿಯನ್ ಸತ್ತ ಜಾಗ. ಅಲ್ಲಿಗೆ ಅಂಚೆ, ಅಕ್ಕಿಬೇಳೆ, ಬಸುರಿಯರು, ಮದುಮಕ್ಕಳು ಎಲ್ಲರಿಗೂ ಒಂದೇ ಹಡಗು. ಹೆಸರು ‘ಆರ್‌ಎಂಎಸ್ ಸೇಂಟ್ ಹೆಲೀನಾ’. ಊರವರು ಪೂರ್ತಿ ಹೆಸರು ಹೇಳುತ್ತಲೇ ಇರಲಿಲ್ಲ. ಬರೀ ‘ಆರ್‌ಎಂಎಸ್ ಬಂತು’ ಅನ್ನುತ್ತಿದ್ದರು, ನಮ್ಮ ರೈಲ್ವೇ ಸ್ಟೇಷನ್ನಿನಲ್ಲಿ ಅಂದಹಾಗೆ. 2017ರಲ್ಲಿ ಅಲ್ಲಿಗೆ ವಿಮಾನ ಬರತೊಡಗಿತು. 2018ರ ಫೆಬ್ರುವರಿಯಲ್ಲಿ ಹಡಗು ಕೊನೆಯ ಸಲ ದ್ವೀಪ ಬಿಟ್ಟು ಹೊರಟಿತು.

ತಿದ್ದುಪಡಿಯನ್ನು ಈ ಸಂಚಿಕೆಯ ಮೂರನೇ ಪುಟದಲ್ಲಿ ಬೇರೆಯಾಗಿಯೂ ಹಾಕಿದ್ದೇವೆ. ನಿಮ್ಮ ಪತ್ರದ ಕೊನೆಗೆ, ರಾತ್ರಿ ರೈಲಿನ ಆರ್‌ಎಂಎಸ್ ಡಬ್ಬಿಯಲ್ಲಿ ಲಾಟೀನು ಆರಿಹೋದಾಗ ಕಾಗದ ವಿಂಗಡಿಸಿದ ಪ್ರಸಂಗವನ್ನು ಎರಡೇ ಸಾಲಿನಲ್ಲಿ ಹೇಳಿ ನಿಲ್ಲಿಸಿದ್ದೀರಿ. ಅದನ್ನು ಪೂರ್ತಿ ಬರೆದು ಕಳಿಸಿ. ರಾಮನ್ ಅವರ ಕಾಗದಕ್ಕಿಂತ ಬೇಗ ಅಚ್ಚು ಹಾಕುತ್ತೇವೆ.
– ಸಂ.