ಬಾಯಿ ಹೇಳಿದ್ದನ್ನು ಕೈ ಕೇಳದಿದ್ದಾಗ

ಮಾನ್ಯರೇ,

ಕಳೆದ ಸಂಚಿಕೆಯಲ್ಲಿ ಬಂದ ಮರೆವಿನ ಕುರಿತ ಲೇಖನವನ್ನು ಓದಿ ನೀವು ಬರೆದ ಪತ್ರ ತಲುಪಿದೆ. ಹೆಸರು ಬೇಡವೆಂದಿದ್ದೀರಿ, ಹಾಗೆಯೇ ಆಗಲಿ. ಉಳಿದ ಓದುಗರಿಗಾಗಿ ಪತ್ರದ ಸಾರವನ್ನಷ್ಟೇ ಹೇಳುತ್ತೇನೆ. ನಿಮ್ಮ ಅಣ್ಣನವರು ಎರಡು ವರ್ಷದ ಹಿಂದೆ ಬೈಕಿನಿಂದ ಬಿದ್ದು ತಲೆಗೆ ಪೆಟ್ಟು ಮಾಡಿಕೊಂಡರು. ಗಾಯ ಮಾಯಿತು. ಆಗ ತೆಗೆಸಿದ ಸಿಟಿ ಸ್ಕ್ಯಾನಿನಲ್ಲಿ ಹೇಳಿಕೊಳ್ಳುವಂಥ ತೊಂದರೆ ಕಾಣಲಿಲ್ಲ. ನೆನಪು ಚೆನ್ನಾಗಿದೆ, ಲೆಕ್ಕ ತಪ್ಪುವುದಿಲ್ಲ, ವೈದ್ಯರ ಮುಂದೆ ಕುಳಿತರೆ ಎಲ್ಲದಕ್ಕೂ ಅಚ್ಚುಕಟ್ಟಾಗಿ ಉತ್ತರಿಸುತ್ತಾರೆ. ಮನೆಯಲ್ಲಿ ಮಾತ್ರ ಬೇರೆಯೇ ಮನುಷ್ಯ. ಬಂದವರೆದುರು ಬಾಯಿಗೆ ಬಂದದ್ದನ್ನು ಆಡುತ್ತಾರೆ, ಸಾಲ ಮಾಡಿ ಬೇಡದ ಸಾಮಾನು ಕೊಳ್ಳುತ್ತಾರೆ, ಇಲ್ಲವೇ ಯಾರಾದರೂ ಎಬ್ಬಿಸುವವರೆಗೆ ಕುರ್ಚಿ ಬಿಟ್ಟು ಏಳುವುದಿಲ್ಲ. ಅತ್ತಿಗೆ ಕಾಯಿಲೆ ಎನ್ನುತ್ತಾರೆ, ನಿಮ್ಮ ತಾಯಿ ಹಠ ಎನ್ನುತ್ತಾರೆ. "ಎಲ್ಲ ಗೊತ್ತಿದ್ದೂ ಹೀಗೆ ಮಾಡುವುದು ನಾಟಕವಲ್ಲದೆ ಮತ್ತೇನು?" ಎಂಬುದು ನಿಮ್ಮ ಪ್ರಶ್ನೆ. ಕೊನೆಯಲ್ಲಿ, ಬೇರೆ ವಿಷಯವೆಂಬಂತೆ, ಅಪಘಾತದ ನಂತರ ಅವರಿಗೆ ವಾಸನೆ ತಿಳಿಯುತ್ತಿಲ್ಲ ಎಂದು ಒಂದು ಸಾಲು ಸೇರಿಸಿದ್ದೀರಿ.

ಇಡೀ ಪತ್ರದಲ್ಲಿ ನನ್ನ ಕಣ್ಣು ನಿಂತದ್ದು ಆ ಸಾಲಿನ ಮೇಲೆ. ವಾಸನೆಯ ನರಗಳು ಮೂಗಿನ ಮೇಲ್ಛಾವಣಿಯ ಸಣ್ಣ ರಂಧ್ರಗಳ ಮೂಲಕ ಮೇಲೇರಿ, ಮಿದುಳಿನ ಮುಂಭಾಗದ ಹಾಲೆಯ ತಳಕ್ಕೆ ಅಂಟಿಕೊಂಡಂತೆ ಹಾಯ್ದುಹೋಗುತ್ತವೆ. ಈ ಹಾಲೆಯನ್ನೇ ವೈದ್ಯರು ಫ್ರಾಂಟಲ್ ಲೋಬ್ ಎನ್ನುವುದು. ಅದು ಕುಳಿತಿರುವ ಎಲುಬಿನ ನೆಲ ನುಣುಪಾಗಿಲ್ಲ, ಏರುತಗ್ಗು ಹೆಚ್ಚು. ತಲೆ ರಭಸದಿಂದ ಬಡಿದಾಗ ಮಿದುಳು ಆ ಒರಟು ನೆಲಕ್ಕೆ ಉಜ್ಜುತ್ತದೆ. ಪೆಟ್ಟು ಹಿಂದಲೆಗೆ ಬಿದ್ದರೂ ಜಖಂ ಮುಂದೆ ಆಗುವುದುಂಟು. ಹಾಗಾಗಿ ತಲೆಗೆ ಏಟಾದವರಿಗೆ ವಾಸನೆ ಹೋಗಿದೆಯೆಂದರೆ, ಅದರ ಮೇಲಿರುವ ಹಾಲೆಯ ತಳಭಾಗಕ್ಕೂ ಏಟು ತಗುಲಿರಬಹುದೆಂದು ಅನುಭವಿ ನರರೋಗ ವೈದ್ಯರು ಸಂಶಯಪಡುತ್ತಾರೆ. ಇದೊಂದೇ ಪುರಾವೆಯಲ್ಲ, ಆದರೆ ಗಟ್ಟಿ ಸುಳಿವು. ಸಿಟಿ ಸ್ಕ್ಯಾನ್ ರಕ್ತಸ್ರಾವವನ್ನೂ ಎಲುಬಿನ ಬಿರುಕನ್ನೂ ಚೆನ್ನಾಗಿ ತೋರಿಸುತ್ತದೆ. ನರತಂತುಗಳು ಅಲ್ಲಲ್ಲಿ ಹರಿದದ್ದು ಅದರ ಕಣ್ಣಿಗೆ ಬೀಳುವುದಿಲ್ಲ. ಎಂಆರ್‌ಐಯಲ್ಲಿ ಹೆಚ್ಚು ಕಾಣುತ್ತದೆ, ಎಲ್ಲವೂ ಅಲ್ಲ.

ಇನ್ನು ನಿಮ್ಮ ಪ್ರಶ್ನೆ. ಗೊತ್ತಿರುವುದು ಮತ್ತು ಗೊತ್ತಿದ್ದಂತೆ ನಡೆಯುವುದು ಒಂದೇ ಸಾಮರ್ಥ್ಯವೆಂದು ನಾವೆಲ್ಲ ನಂಬಿಕೊಂಡಿದ್ದೇವೆ. ಮುಂಭಾಗದ ಹಾಲೆಗೆ ಏಟಾದವರಲ್ಲಿ ಇವೆರಡೂ ಬೇರೆಬೇರೆಯಾಗುವುದನ್ನು ಕಣ್ಣಾರೆ ನೋಡಬಹುದು. ರಷ್ಯಾದ ನರಮನಃಶಾಸ್ತ್ರಜ್ಞ ಅಲೆಕ್ಸಾಂಡರ್ ಲೂರಿಯಾ ಬಳಸುತ್ತಿದ್ದ ಬಗೆಯ ಒಂದು ಸರಳ ಪರೀಕ್ಷೆಯಿದೆ. ವೈದ್ಯರು ಹೇಳುತ್ತಾರೆ: ನಾನು ಮೇಜನ್ನು ಒಂದು ಸಲ ತಟ್ಟಿದರೆ ನೀವು ಎರಡು ಸಲ ತಟ್ಟಿ, ನಾನು ಎರಡು ಸಲ ತಟ್ಟಿದರೆ ನೀವು ಒಂದೇ ಸಲ. ರೋಗಿ ನಿಯಮವನ್ನು ಒಂದಕ್ಷರ ಬಿಡದೆ ಒಪ್ಪಿಸುತ್ತಾನೆ. ಪರೀಕ್ಷೆ ಶುರುವಾದ ಸ್ವಲ್ಪ ಹೊತ್ತಿಗೆ ವೈದ್ಯರು ಎರಡು ತಟ್ಟಿದರೆ ಅವನ ಕೈಯೂ ಎರಡು ತಟ್ಟುತ್ತದೆ. ನಿಲ್ಲಿಸಿ ನಿಯಮ ಕೇಳಿದರೆ ಮತ್ತೆ ಸರಿಯಾಗಿಯೇ ಹೇಳುತ್ತಾನೆ. ಕೈ ಮತ್ತೆ ಎದುರಿನವರ ಕೈಯನ್ನೇ ಅನುಕರಿಸುತ್ತದೆ. ಕೆನಡಾದ ನರಮನಃಶಾಸ್ತ್ರಜ್ಞೆ ಬ್ರೆಂಡಾ ಮಿಲ್ನರ್ 1963ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿಯೂ ಇಂಥದ್ದೇ ಕಂಡಿತ್ತು. ಬಣ್ಣ, ಆಕಾರ, ಸಂಖ್ಯೆಗಳ ಪ್ರಕಾರ ಕಾರ್ಡುಗಳನ್ನು ವಿಂಗಡಿಸುವ ಆಟ. ನಡುವೆ ನಿಯಮ ಬದಲಾಗುತ್ತದೆ. ಮುಂಭಾಗದ ಹಾಲೆ ಕೆಟ್ಟ ರೋಗಿಗಳು ಹಳೆಯ ನಿಯಮಕ್ಕೇ ಜೋತುಬಿದ್ದರು. ಕೆಲವರಂತೂ "ತಪ್ಪು" ಎಂದು ತಾವೇ ಹೇಳಿಕೊಳ್ಳುತ್ತ ಅದೇ ತಪ್ಪನ್ನು ಮಾಡುತ್ತಿದ್ದರು. ಇವರನ್ನು ನಾಟಕ ಮಾಡುವವರೆನ್ನಲು ಸಾಧ್ಯವೇ?

ಇದಕ್ಕಿಂತ ವಿಚಿತ್ರವಾದ ಸಂಗತಿಯನ್ನು ಫ್ರಾನ್ಸಿನ ನರರೋಗ ತಜ್ಞ ಫ್ರಾಂಸ್ವಾ ಲೆರ್ಮಿತ್ 1980ರ ದಶಕದಲ್ಲಿ ದಾಖಲಿಸಿದರು. ರೋಗಿಯ ಮುಂದೆ ಕನ್ನಡಕವಿಟ್ಟರೆ ಎತ್ತಿ ಹಾಕಿಕೊಳ್ಳುತ್ತಾನೆ. ಇನ್ನೊಂದನ್ನಿಟ್ಟರೆ, ಮೊದಲಿನದನ್ನು ತೆಗೆಯದೆ ಅದರ ಮೇಲೆಯೇ ಅದನ್ನೂ ಏರಿಸುತ್ತಾನೆ. ಹಾಕಿಕೊಳ್ಳಿ ಎಂದು ಯಾರೂ ಹೇಳಿಲ್ಲ. ಕಣ್ಣೆದುರು ಕಂಡ ವಸ್ತುವೇ ಅವನಿಗೆ ಆಜ್ಞೆ. ಕಂಡದ್ದನ್ನೆಲ್ಲ ಕೊಳ್ಳುವ ನಿಮ್ಮ ಅಣ್ಣನವರ ಅಭ್ಯಾಸವನ್ನು ಈ ಬೆಳಕಿನಲ್ಲಿ ಒಮ್ಮೆ ನೋಡಿ.

ಮುಂಭಾಗದ ಹಾಲೆಯನ್ನು ಬ್ರೇಕಿಗೆ ಹೋಲಿಸುವುದು ವಾಡಿಕೆ. ಬರಿಯ ಬ್ರೇಕಾಗಿದ್ದರೆ ನಿಮ್ಮ ಅಣ್ಣನವರು ಕುರ್ಚಿಯಲ್ಲಿ ಕುಳಿತೇ ಇರುವುದಕ್ಕೆ ಅರ್ಥವಿರುತ್ತಿರಲಿಲ್ಲ. ಕಣ್ಣುಗುಳಿಯ ಮೇಲಿನ ತಳಭಾಗ ಕೆಟ್ಟರೆ ಸಂಕೋಚ, ಮುಲಾಜು ಹೋಗುತ್ತದೆ. ಮಿದುಳಿನ ಎಡ, ಬಲ ಅರ್ಧಗೋಳಗಳು ಮುಖಾಮುಖಿಯಾಗುವ ಒಳಬದಿ ಕೆಟ್ಟರೆ ಹುಮ್ಮಸ್ಸೇ ಹೋಗುತ್ತದೆ: ಹಸಿವಾದರೂ ಕೇಳುವುದಿಲ್ಲ, ಮಾತಿಗೆ ಮಾತು ಕೊಡುವುದಿಲ್ಲ, ದುಃಖವೂ ಇರುವುದಿಲ್ಲ. ಹೊರಬದಿ ಕೆಟ್ಟರೆ ಯೋಜನೆ ಹಾಕುವುದು, ಎರಡು ವಿಷಯಗಳನ್ನು ಒಟ್ಟಿಗೆ ಮನಸ್ಸಿನಲ್ಲಿಟ್ಟುಕೊಳ್ಳುವುದು ಕಷ್ಟ. ಇದು ಪುಸ್ತಕದ ವಿಂಗಡಣೆ. ಅಪಘಾತ ಈ ಗೆರೆಗಳನ್ನು ನೋಡಿಕೊಂಡು ಆಗುವುದಿಲ್ಲವಾದ್ದರಿಂದ ಒಬ್ಬರಲ್ಲೇ ಬೆಳಿಗ್ಗೆ ಜಡತ್ವ, ಸಂಜೆ ಸಿಡುಕು ಎರಡೂ ಇರಬಹುದು.

ಮನೆಯವರಿಗೆ ಸಿಡುಕು ಬೇಗ ಕಾಣುತ್ತದೆ. ಜಡತ್ವ ತಡವಾಗಿ ಕಾಣುತ್ತದೆ, ಕೆಲವೊಮ್ಮೆ ಗುಣವಾದಂತೆಯೂ ಕಾಣುತ್ತದೆ. ವೈದ್ಯಲೋಕವೂ ಹೀಗೆ ಮೋಸಹೋದದ್ದುಂಟು. ಪೋರ್ಚುಗಲ್‌ನ ಎಗಾಸ್ ಮೊನಿಜ್ 1935ರಲ್ಲಿ ಮನೋರೋಗಿಗಳ ಮುಂಭಾಗದ ಹಾಲೆಯ ತಂತುಗಳನ್ನು ಕಡಿಯುವ ಶಸ್ತ್ರಚಿಕಿತ್ಸೆ ಆರಂಭಿಸಿದರು. ಅದಕ್ಕೆ 1949ರಲ್ಲಿ ನೊಬೆಲ್ ಕೂಡ ಬಂದಿತು. ರೋಗಿಗಳು ಸುಮ್ಮನಾದರು ಎಂಬುದನ್ನೇ ಯಶಸ್ಸೆಂದು ಬಗೆದವರಿಗೆ, ಅವರಲ್ಲಿ ಎಷ್ಟೋ ಮಂದಿಯ ಆಸೆ, ಆಸಕ್ತಿಗಳೂ ಆರಿಹೋದದ್ದು ಲೆಕ್ಕಕ್ಕೇ ಬರಲಿಲ್ಲ.

ವೈದ್ಯರ ಮುಂದೆ ಸರಿಯಾಗಿರುತ್ತಾರೆ ಎಂಬುದನ್ನು ನೀವು ನಾಟಕಕ್ಕೆ ಸಾಕ್ಷಿಯೆಂದು ಬರೆದಿದ್ದೀರಿ. ನಾನು ತಿರುಗಿಸಿ ಓದುತ್ತೇನೆ. ಶಾಂತವಾದ ಕೋಣೆ, ಒಬ್ಬರೇ ಮಾತನಾಡುವವರು, ಒಂದು ಸಲಕ್ಕೆ ಒಂದೇ ಪ್ರಶ್ನೆ. ಮುಂಭಾಗದ ಹಾಲೆ ಮಾಡಬೇಕಾದ ಕೆಲಸವನ್ನೆಲ್ಲ ಅಲ್ಲಿ ವೈದ್ಯರೇ ಮಾಡಿಕೊಡುತ್ತಾರೆ. ಮನೆಯಲ್ಲಿ ಯಾವುದನ್ನು ಮೊದಲು, ಯಾವುದನ್ನು ಬಿಡುವುದು ಎಂದು ತಾನೇ ತೀರ್ಮಾನಿಸಬೇಕು. ನರರೋಗ ತಜ್ಞ ಅಂತೋನಿಯೊ ದಮಾಸಿಯೊ ವಿವರಿಸಿದ ಒಬ್ಬ ರೋಗಿಯ ಮಿದುಳಿನ ಗಡ್ಡೆ ತೆಗೆದಾಗ ಮುಂಭಾಗದ ಅಂಗಾಂಶವೂ ಹೋಗಿತ್ತು. ಬುದ್ಧಿಮತ್ತೆಯ ಪರೀಕ್ಷೆಗಳಲ್ಲಿ ಆತ ಪಾಸು. ಕಷ್ಟದ ಸನ್ನಿವೇಶ ಕೊಟ್ಟರೆ ಏನೇನು ಮಾಡಬಹುದೆಂದು ಸೊಗಸಾಗಿ ಪಟ್ಟಿ ಮಾಡುತ್ತಿದ್ದ. ಕೊನೆಗೆ, ಇಷ್ಟೆಲ್ಲ ಆದರೂ ಏನು ಮಾಡಬೇಕೆಂದು ತನಗೆ ತಿಳಿಯದು ಎಂದ. ಬದುಕಿನಲ್ಲಿ ಅವನ ಕೆಲಸವೂ ಉಳಿಯಲಿಲ್ಲ, ಸಂಸಾರವೂ ಉಳಿಯಲಿಲ್ಲ.

ಸುಧಾರಿಸುತ್ತಾರೆಯೇ ಎಂದು ಕೇಳಿದ್ದೀರಿ. ಪೆಟ್ಟಿನ ನಂತರದ ಮೊದಲ ಆರು ತಿಂಗಳಿಂದ ಒಂದು ವರ್ಷದಲ್ಲಿ ಚೇತರಿಕೆ ವೇಗವಾಗಿರುತ್ತದೆ, ಆಮೇಲೆ ನಿಧಾನ. ನಿಂತೇಹೋಗುತ್ತದೆ ಎಂದೇನಿಲ್ಲ. ಫಿನಿಯಸ್ ಗೇಜ್‌ನ ಹೆಸರನ್ನು ನೀವು ಕೇಳಿರಬಹುದು. 1848ರ ಸೆಪ್ಟೆಂಬರ್ 13ರಂದು ಅಮೆರಿಕದ ವರ್ಮಾಂಟ್‌ನಲ್ಲಿ ರೈಲುಹಳಿಯ ಕಾಮಗಾರಿಗೆ ಬಂಡೆ ಸಿಡಿಸುವಾಗ, ಮೂರು ಅಡಿ ಏಳು ಇಂಚು ಉದ್ದದ ಕಬ್ಬಿಣದ ಸಲಾಕೆ ಅವನ ಎಡಗೆನ್ನೆಯಿಂದ ಹೊಕ್ಕು ನೆತ್ತಿಯಿಂದ ಹೊರಬಿತ್ತು. ಬದುಕಿದ. ಆದರೆ ಇವನು ಹಳೆಯ ಗೇಜ್ ಅಲ್ಲವೆಂದು ಗೆಳೆಯರು ಹೇಳಿದರೆಂದು ವೈದ್ಯ ಜಾನ್ ಹಾರ್ಲೋ ಬರೆದರು. ಎಲ್ಲರೂ ಕಥೆಯನ್ನು ಇಲ್ಲಿಗೇ ಮುಗಿಸುತ್ತಾರೆ, ಅದು ನನಗೆ ಸರಿಕಾಣುವುದಿಲ್ಲ. ಗೇಜ್ ಮುಂದೆ ಚಿಲಿ ದೇಶಕ್ಕೆ ಹೋಗಿ ವರ್ಷಗಟ್ಟಲೆ ಕುದುರೆ ಬಂಡಿ ಓಡಿಸಿದ. ದಿನವೂ ಅದೇ ಬಗೆಯ ಕೆಲಸ. ದಿನಚರಿಯ ಈ ಬಿಗಿಯೇ ಅವನನ್ನು ಮತ್ತೆ ನೆಲೆಗೆ ನಿಲ್ಲಿಸಿರಬೇಕೆಂದು ಅವನ ಬದುಕನ್ನು ಶೋಧಿಸಿದ ಕೆಲವರ ಊಹೆ.

ಪುನಶ್ಚೇತನ ಚಿಕಿತ್ಸೆಯೂ ಹೆಚ್ಚುಕಡಿಮೆ ಇದನ್ನೇ ಮಾಡುತ್ತದೆ. ಉಪದೇಶ ಬಿಡಿ, ಅವರಿಗೆ ತಿಳಿಯದ್ದೇನೂ ನಿಮ್ಮ ಉಪದೇಶದಲ್ಲಿ ಇಲ್ಲ. "ಇವತ್ತು ಏನು ಮಾಡುತ್ತೀರಿ?" ಎನ್ನುವ ಬದಲು "ಈಗ ಸ್ನಾನ" ಎನ್ನಿ, ಅದು ಮುಗಿದ ಮೇಲೆ ಮುಂದಿನದು. ದಿನದ ಕೆಲಸಗಳನ್ನು ಹೊತ್ತಿನೊಂದಿಗೆ ಬರೆದು ಕಣ್ಣಿಗೆ ಬೀಳುವಲ್ಲಿ ಅಂಟಿಸಿ. ದೊಡ್ಡ ಮೊತ್ತ ಅವರೊಬ್ಬರ ಕೈಯಿಂದ ದಾಟದಂತೆ ಬ್ಯಾಂಕಿನಲ್ಲಿ ವ್ಯವಸ್ಥೆ ಮಾಡಿ. ರೇಗಿದಾಗ ವಾದಕ್ಕಿಳಿಯದೆ ವಿಷಯ ಬದಲಿಸಿ, ಇಲ್ಲವೇ ಕೋಣೆ ಬದಲಿಸಿ. ಮದ್ಯ ಸಂಪೂರ್ಣ ಬೇಡ. ವಾಹನ ಓಡಿಸುವುದನ್ನು ವೈದ್ಯರು ಪರೀಕ್ಷಿಸಿ ಹೇಳುವವರೆಗೆ ನಿಲ್ಲಿಸಿ. ವಾಸನೆ ತಿಳಿಯದವರು ಅನಿಲ ಸೋರಿದರೆ ಗುರುತಿಸಲಾರರು, ಒಲೆಯ ಹತ್ತಿರ ಅವರೊಬ್ಬರೇ ಇರದಂತೆ ನೋಡಿಕೊಳ್ಳಿ.

ಪೆಟ್ಟೇ ಆಗದಿದ್ದರೂ ನಡುವಯಸ್ಸಿನಲ್ಲಿ ಸ್ವಭಾವ ಬದಲಾದವರ ಮನೆಯವರೂ ಇದನ್ನು ಓದುತ್ತಿರಬಹುದು. 45ರಿಂದ 65ರ ನಡುವೆ ಹೆಚ್ಚಾಗಿ ಕಾಣಿಸಿಕೊಳ್ಳುವ ಒಂದು ಬಗೆಯ ಡಿಮೆನ್ಷಿಯಾದಲ್ಲಿ ಮರೆವಿಗಿಂತ ಮೊದಲು ಮರ್ಯಾದೆ, ಅನುಕಂಪಗಳು ಹೋಗುತ್ತವೆ, ಸಿಹಿಯ ಹಂಬಲ ಹೆಚ್ಚುತ್ತದೆ. ನಿಧಾನವಾಗಿ ಬೆಳೆಯುವ, ತೆಗೆದುಹಾಕಬಹುದಾದ ಗಡ್ಡೆಯೂ ಹೀಗೆಯೇ ತೋರಬಹುದು. ಹುಟ್ಟಿದಾಗಿನಿಂದ ಮುಂಗೋಪಿಯಾದವರಿಗೆ ಮಿದುಳಿನ ನೆಪ ಹುಡುಕಬೇಕಿಲ್ಲ. ಇದ್ದ ಗುಣ ಬದಲಾಯಿತೇ ಎಂಬುದಷ್ಟೇ ಪ್ರಶ್ನೆ.

ಅಣ್ಣನವರನ್ನು ನರರೋಗ ವೈದ್ಯರಲ್ಲಿಗೆ ಮತ್ತೊಮ್ಮೆ ಕರೆದೊಯ್ಯಿರಿ, ಗಮನ, ನೆನಪು, ಯೋಜನಾಶಕ್ತಿಗಳನ್ನು ಅಳೆಯುವ ನರಮನಃಶಾಸ್ತ್ರೀಯ ಪರೀಕ್ಷೆ ಆಗಬೇಕೇ ಎಂದು ನೀವೇ ಕೇಳಿ. ತಮ್ಮಲ್ಲಿ ಏನೂ ಬದಲಾಗಿಲ್ಲವೆಂದು ಅವರು ಹೇಳುವ ಸಾಧ್ಯತೆಯೇ ಹೆಚ್ಚು. ಅದು ಸುಳ್ಳಲ್ಲ, ಆ ಬದಲಾವಣೆಯನ್ನು ಗುರುತಿಸುವ ಶಕ್ತಿಗೂ ಪೆಟ್ಟಾಗಿರಬಹುದು. ಆದ್ದರಿಂದ ಅತ್ತಿಗೆಯವರು ನಿತ್ಯ ನಡೆದದ್ದನ್ನು ತಾರೀಖು ಹಾಕಿ ಬರೆದಿಡಲಿ, ಮತ್ತು ವೈದ್ಯರೊಂದಿಗೆ ಅವರೊಬ್ಬರೇ ಹತ್ತು ನಿಮಿಷ ಮಾತನಾಡಲು ಸಮಯ ಕೇಳಿ. ಆ ಹತ್ತು ನಿಮಿಷದಲ್ಲಿ ಅತ್ತಿಗೆಯವರ ಸ್ವಂತ ನಿದ್ರೆ, ಆರೋಗ್ಯದ ಮಾತೂ ಬರಲಿ.

– ಸಂ.